ಬಾಹ್ಯಾಕಾಶ ಒಪ್ಪಂದವನ್ನು ಬೋಧಿಸುವ ಬಗೆ

ಉದಕಮಂಡಲದ ಸಮೀಪ ಮುತ್ತೊರೈಯ ಬೆಟ್ಟದ ಇಳಿಜಾರಿನಲ್ಲಿ 530 ಮೀಟರ್ ಉದ್ದ, 30 ಮೀಟರ್ ಅಗಲವುಳ್ಳ ರೇಡಿಯೊ ದೂರದರ್ಶಕವಿದೆ. ಗೋವಿಂದ ಸ್ವರೂಪ್ ಅವರ ನೇತೃತ್ವದಲ್ಲಿ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯು ಅದನ್ನು 1970ರಲ್ಲಿ ಪೂರ್ಣಗೊಳಿಸಿತು. ಆ ಇಳಿಜಾರಿನ ಕೋನವು ಸುಮಾರು 11 ಡಿಗ್ರಿ. ಸ್ಥಳದ ಅಕ್ಷಾಂಶವೂ ಅಷ್ಟೇ. ಹೀಗಾಗಿ ದೂರದರ್ಶಕದ ಅಕ್ಷವು ಭೂಮಿಯ ಅಕ್ಷಕ್ಕೆ ಸಮಾಂತರವಾಗಿದೆ. ಚಂದ್ರನು ದೂರದ ರೇಡಿಯೊ ಆಕರವೊಂದನ್ನು ಮರೆಮಾಡುವ ಕ್ಷಣವನ್ನು ಅಳೆದು ಆ ಆಕರದ ಸ್ವರೂಪವನ್ನು ತಿಳಿಯುವುದು ಇದರ ಮೊದಲ ಉದ್ದೇಶಗಳಲ್ಲೊಂದಾಗಿತ್ತು. ಪಾಠವನ್ನು ಇಲ್ಲಿಂದ ಆರಂಭಿಸಿ, ಒಂದೇ ಪ್ರಶ್ನೆಯನ್ನು ಕೇಳಬಹುದು: ಚಂದ್ರನ ಪಟ್ಟಾ ಯಾರ ಹೆಸರಿನಲ್ಲಿದೆ?

ಗೂಡಲೂರಿನ ಮಕ್ಕಳಿಗೆ ‘ಪಟ್ಟಾ’ ಎಂಬ ಪದವನ್ನು ವಿವರಿಸಬೇಕಾಗಿಲ್ಲ. ಮನೆಯ ಮಾತುಕತೆಯಲ್ಲಿಯೇ ಅದು ಅವರ ಕಿವಿಗೆ ಬಿದ್ದಿರುತ್ತದೆ. ಸಾರ್ವಭೌಮತ್ವದ ಘೋಷಣೆಯಿಂದಾಗಲಿ, ಬಳಕೆಯಿಂದಾಗಲಿ, ಸ್ವಾಧೀನದಿಂದಾಗಲಿ ಯಾವ ರಾಷ್ಟ್ರವೂ ಚಂದ್ರನನ್ನು ತನ್ನದಾಗಿಸಿಕೊಳ್ಳುವಂತಿಲ್ಲ ಎಂದು ಒಪ್ಪಂದದ 2ನೆಯ ವಿಧಿ ಹೇಳುತ್ತದೆ. ಇಲ್ಲಿ ನಮ್ಮ ಬೆಟ್ಟದ ಇತಿಹಾಸವನ್ನು ಜೊತೆಗಿಟ್ಟು ನೋಡುವುದು ಉಚಿತ. 1799ರಲ್ಲಿ ಶ್ರೀರಂಗಪಟ್ಟಣ ಪತನವಾದ ಬಳಿಕ ನಡೆದ ಒಪ್ಪಂದದಿಂದ ನೀಲಗಿರಿಯು ಈಸ್ಟ್ ಇಂಡಿಯಾ ಕಂಪನಿಯ ವಶವಾಯಿತು. ಬೆಟ್ಟದ ಮೇಲೆ ಬದುಕುತ್ತಿದ್ದ ತೋಡರು, ಕೋತರು, ಬಡಗರು, ಕುರುಂಬರು, ಇರುಳರು ಆ ಮಾತುಕತೆಯಲ್ಲಿ ಪಾಲುದಾರರಾಗಿರಲಿಲ್ಲ. ಅದೇ ಯುದ್ಧದಲ್ಲಿ ಸೆರೆಯಾದ ಮೈಸೂರಿನ ಕಬ್ಬಿಣದ ಕೊಳವೆಯ ರಾಕೆಟ್ಟುಗಳು ಇಂಗ್ಲೆಂಡಿನ ವುಲಿಚ್‌ಗೆ ಸಾಗಿ, ಕಾಂಗ್ರೀವ್ ರಾಕೆಟ್ಟಿಗೆ ಪ್ರೇರಣೆಯಾದವು. ಯುದ್ಧದಲ್ಲಿ ಸೋತವರ ಅಸ್ತ್ರವು ಗೆದ್ದವರ ಕೈ ಸೇರುವುದಕ್ಕೆ ಇದಕ್ಕಿಂತ ಹತ್ತಿರದ ಉದಾಹರಣೆ ನಮಗೆ ಬೇಕಿಲ್ಲ. ಎರಡನೆಯ ಮಹಾಯುದ್ಧದ ನಂತರ ಜರ್ಮನಿಯ ವಿ-2 ರಾಕೆಟ್ಟಿನ ವಿಷಯದಲ್ಲಿಯೂ ಅದೇ ನಡೆಯಿತು.

ಒಪ್ಪಂದದ ಅಗತ್ಯವೇಕೆ ಬಂತು ಎಂಬುದನ್ನು ನಿಧಾನವಾಗಿ ಹೇಳಬೇಕು. 1962ರ ಜುಲೈ 9ರಂದು ಅಮೆರಿಕವು ಪೆಸಿಫಿಕ್ ಸಾಗರದ ಮೇಲೆ, ಸುಮಾರು 400 ಕಿಲೋಮೀಟರ್ ಎತ್ತರದಲ್ಲಿ, 1.4 ಮೆಗಾಟನ್ ಸಾಮರ್ಥ್ಯದ ಪರಮಾಣು ಅಸ್ತ್ರವನ್ನು ಸ್ಫೋಟಿಸಿತು. ಸುಮಾರು 1,450 ಕಿಲೋಮೀಟರ್ ದೂರದ ಹವಾಯಿಯಲ್ಲಿ ಬೀದಿದೀಪಗಳು ಆರಿದವು. ಸ್ಫೋಟದಿಂದ ಉಂಟಾದ ವಿಕಿರಣ ಪಟ್ಟಿಯು ಹಲವು ಉಪಗ್ರಹಗಳನ್ನು ಹಾಳುಮಾಡಿತು. ಮರುದಿನ ಉಡಾವಣೆಯಾದ ಟೆಲ್‌ಸ್ಟಾರ್ ಕೂಡ ಅದರಿಂದ ಪಾರಾಗಲಿಲ್ಲ. ಅಶ್ವತ್ಥಾಮನು ಬಿಟ್ಟ ಅಸ್ತ್ರವನ್ನು ಹಿಂದಕ್ಕೆ ಪಡೆಯಲಾರದೆ ಉತ್ತರೆಯ ಗರ್ಭದತ್ತ ತಿರುಗಿಸಿದ ಕಥೆಯನ್ನು ಮಕ್ಕಳು ಬಲ್ಲರು. ಯುದ್ಧದಲ್ಲಿ ಇಲ್ಲದವರಿಗೂ, ಇನ್ನೂ ಹುಟ್ಟದವರಿಗೂ ತಗಲುವ ಶಕ್ತಿ ಎಂದರೇನೆಂಬುದನ್ನು ಆ ಕಥೆಯ ಮೂಲಕ ಹೇಳಿದರೆ ತರಗತಿ ಮೌನವಾಗಿ ಕೇಳುತ್ತದೆ.

1963ರಲ್ಲಿ ವಾತಾವರಣ, ಬಾಹ್ಯಾಕಾಶ ಮತ್ತು ನೀರಿನೊಳಗಿನ ಪರಮಾಣು ಪರೀಕ್ಷೆಗಳನ್ನು ನಿಷೇಧಿಸುವ ಒಪ್ಪಂದವಾಯಿತು. ಬಾಹ್ಯಾಕಾಶ ಒಪ್ಪಂದವು 1967ರ ಜನವರಿ 27ರಂದು ಸಹಿಗೆ ತೆರೆಯಲ್ಪಟ್ಟು, ಅದೇ ವರ್ಷದ ಅಕ್ಟೋಬರ್ 10ರಂದು ಜಾರಿಗೆ ಬಂದಿತು. ಭಾರತವು 1967ರಲ್ಲಿ ಸಹಿ ಹಾಕಿ, 1982ರಲ್ಲಿ ಅನುಮೋದಿಸಿತು. ದಿನಾಂಕಗಳನ್ನು ಬಾಯಿಪಾಠ ಮಾಡಿಸುವ ಅಗತ್ಯವಿಲ್ಲ.

ಶಿಕ್ಷಕರು ಹೆಚ್ಚು ಎಚ್ಚರ ವಹಿಸಬೇಕಾದುದು 4ನೆಯ ವಿಧಿಯಲ್ಲಿ. ‘ಬಾಹ್ಯಾಕಾಶದಲ್ಲಿ ಅಸ್ತ್ರಗಳನ್ನು ನಿಷೇಧಿಸಲಾಗಿದೆ’ ಎಂಬ ವಾಕ್ಯವನ್ನು ತರಬೇತಿ ಶಿಬಿರಗಳ ಪಾಠಯೋಜನೆಗಳಲ್ಲಿ ಹಲವು ಬಾರಿ ಕಂಡಿದ್ದೇನೆ; ಹಿಂದೊಮ್ಮೆ ನಾನೇ ಕರಿಹಲಗೆಯ ಮೇಲೆ ಹಾಗೆ ಬರೆದಿದ್ದೆ. ಅದು ತಪ್ಪು. ಪರಮಾಣು ಅಸ್ತ್ರಗಳನ್ನೂ ಇತರ ಸಮೂಹನಾಶಕ ಅಸ್ತ್ರಗಳನ್ನೂ ಭೂಮಿಯ ಸುತ್ತಲಿನ ಕಕ್ಷೆಯಲ್ಲಿ ‘ಇರಿಸಬಾರದು’ ಎಂಬುದು ಅಲ್ಲಿಯ ಕಟ್ಟಳೆ. ಕಕ್ಷೆಯನ್ನು ಸೇರದೆ ಬಾಹ್ಯಾಕಾಶದ ಮೂಲಕ ‘ಹಾದುಹೋಗುವ’ ಕ್ಷಿಪಣಿಗೆ ಅದು ಅನ್ವಯಿಸದು. ಚಂದ್ರ ಮತ್ತು ಇತರ ಆಕಾಶಕಾಯಗಳ ಮೇಲೆ ನಿಯಮವು ಬಿಗಿಯಾಗಿದೆ: ಸೇನಾನೆಲೆ, ಅಸ್ತ್ರಪರೀಕ್ಷೆ ಎರಡೂ ಸಲ್ಲವು. ಆದರೆ ಸಾಮಾನ್ಯ ಅಸ್ತ್ರವನ್ನು ಕಕ್ಷೆಯಲ್ಲಿಡುವ ಬಗ್ಗೆ ವಿಧಿ ಮೌನವಾಗಿದೆ. 2007ರಲ್ಲಿ ಚೀನಾ, 2019ರ ಮಾರ್ಚ್ 27ರಂದು ಭಾರತ, 2021ರಲ್ಲಿ ರಷ್ಯಾ ತಮ್ಮ ತಮ್ಮ ಉಪಗ್ರಹಗಳನ್ನು ಹೊಡೆದುರುಳಿಸಿದಾಗ ಈ ವಿಧಿಯು ಅಡ್ಡಬರಲಿಲ್ಲ. ನಮ್ಮ ದೇಶದ ಉದಾಹರಣೆಯನ್ನು ಬಿಟ್ಟು ಉಳಿದವನ್ನು ಮಾತ್ರ ಹೇಳುವುದು ಸರಿಯಲ್ಲ. ಮಕ್ಕಳು ಅದನ್ನು ದೂರದರ್ಶನದಲ್ಲಿ ಕಂಡಿರಬಹುದು, ಕೇಳಿಯೇ ಕೇಳುತ್ತಾರೆ.

‘ಮೀರಿದವರನ್ನು ಯಾರು ಶಿಕ್ಷಿಸುತ್ತಾರೆ?’ ಎಂಬುದು ಇನ್ನೊಂದು ನಿಶ್ಚಿತ ಪ್ರಶ್ನೆ. ಒಪ್ಪಂದದಲ್ಲಿ ಪೊಲೀಸರಿಲ್ಲ. ಖಾಸಗಿ ಸಂಸ್ಥೆಗಳ ಚಟುವಟಿಕೆಗೂ ಆಯಾ ರಾಷ್ಟ್ರವೇ ಹೊಣೆ, ಹಾನಿಗೆ ಉಡಾವಣೆ ಮಾಡಿದ ರಾಷ್ಟ್ರವು ಬಾಧ್ಯ ಎಂಬ ವಿಧಿಗಳಿವೆ; ಒಂದು ವರ್ಷದ ನೋಟಿಸು ಕೊಟ್ಟು ಹೊರಹೋಗುವ ಅವಕಾಶವೂ ಇದೆ. ಇದನ್ನು ಮರೆಮಾಚದೆ ಹೇಳಿರಿ.

ಒಪ್ಪಂದದ ಪಠ್ಯವು ಇಂಗ್ಲಿಷ್, ರಷ್ಯನ್, ಫ್ರೆಂಚ್, ಸ್ಪ್ಯಾನಿಷ್, ಚೀನೀ ಎಂಬ ಐದು ಭಾಷೆಗಳಲ್ಲಿ ಸಮಾನವಾಗಿ ಅಧಿಕೃತವಾಗಿದೆ. ಅಲ್ಪಸಂಖ್ಯಾತ ಭಾಷೆಯ ಶಿಕ್ಷಕರಾದ ನಮಗೆ ಇದು ಬರಿಯ ಮಾಹಿತಿಯಲ್ಲ. ಒಂದೇ ಕಟ್ಟಳೆಯು ಐದು ವ್ಯಾಕರಣಗಳಲ್ಲಿ ಒಂದೇ ಅರ್ಥವನ್ನು ಕೊಡಬೇಕಾದರೆ ಪ್ರತಿಯೊಂದು ಕ್ರಿಯಾಪದವನ್ನೂ ತೂಗಿ ನೋಡಬೇಕಾಗುತ್ತದೆ. ಆ ತೂಕವನ್ನು ಮಕ್ಕಳಿಂದಲೇ ಮಾಡಿಸಬಹುದು.

ಚಟುವಟಿಕೆ: ತರಗತಿಯನ್ನು ನಾಲ್ಕು ಗುಂಪುಗಳಾಗಿ ವಿಂಗಡಿಸಿ, ಪ್ರತಿ ಗುಂಪಿಗೂ ಒಂದು ಕಾಲ್ಪನಿಕ ಗ್ರಹವನ್ನೂ, ಕಾಲವನ್ನು ನಿಲ್ಲಿಸುವುದು, ಬೆಟ್ಟವನ್ನು ಅದೃಶ್ಯಗೊಳಿಸುವುದು ಮೊದಲಾದ ಒಂದು ಮಾಯಾಶಕ್ತಿಯನ್ನೂ ಕೊಡಿರಿ. ಅವುಗಳ ನಡುವೆ ಯುದ್ಧವೊಂದು ಈಗಷ್ಟೇ ಮುಗಿದಿದೆ. ಐದು ವಾಕ್ಯಗಳನ್ನು ಮೀರದ ಒಪ್ಪಂದವನ್ನು ಕನ್ನಡದಲ್ಲಿ ಬರೆಯಿಸಿರಿ. ಬಳಿಕ ಗುಂಪುಗಳು ಬರಹಗಳನ್ನು ಅದಲುಬದಲು ಮಾಡಿಕೊಂಡು, ಕಟ್ಟಳೆಯನ್ನು ಮುರಿಯದೆಯೇ ಆ ಶಕ್ತಿಯನ್ನು ಬಳಸುವ ದಾರಿಯನ್ನು ಹುಡುಕಲಿ. ಅದನ್ನು ಅವರು ಬೇಗನೆ ಕಂಡುಕೊಳ್ಳುತ್ತಾರೆ; ಆಗ ‘ಇರಿಸು’, ‘ಬಳಸು’, ‘ಹೊಂದು’, ‘ಪರೀಕ್ಷಿಸು’ ಎಂಬ ಪದಗಳ ಅಂತರವನ್ನು ಚರ್ಚಿಸಿ ವಾಕ್ಯಗಳನ್ನು ತಿದ್ದಿಸಬೇಕು. ಮನೆಯಲ್ಲಿ ಬಡಗ ಅಥವಾ ತಮಿಳು ಮಾತನಾಡುವ ಮಕ್ಕಳು ಒಂದು ವಾಕ್ಯವನ್ನು ಆ ಭಾಷೆಯಲ್ಲಿಯೂ ಹೇಳಲಿ. ಉಪಗ್ರಹ ವೀಕ್ಷಣೆಯನ್ನು ಮಾತ್ರ ಮಸಿನಗುಡಿಯ ಕಡೆಯ ಶಾಲೆಗಳಲ್ಲಿ ಮನೆಗೆಲಸವಾಗಿ ಕೊಡಬಾರದು. ಸಂಜೆಯಾದ ಮೇಲೆ ಅಲ್ಲಿ ಆನೆಗಳ ಓಡಾಟವಿರುತ್ತದೆ. ಇಷ್ಟಕ್ಕೆ ಎರಡು ಅವಧಿಗಳು ಬೇಕು. ತಿದ್ದುವ ಕೆಲಸವನ್ನು ಎರಡನೆಯ ದಿನಕ್ಕೆ ಇಟ್ಟುಕೊಳ್ಳಿರಿ.