ಗಣಿತವೆಂಬ ಅಡಿಗಲ್ಲು: ಡಾ. ರಾಜೇಶ್ವರಿ ಚಟರ್ಜಿಯವರ ವಿದ್ಯಾಜೀವನ

ಗಣಿತವು ಗಂಡುಮಕ್ಕಳಿಗೆ ತಕ್ಕ ವಿಷಯ, ಹೆಣ್ಣುಮಕ್ಕಳಿಗೆ ಹಾಲಿನ ಲೆಕ್ಕ, ದಿನಸಿಯ ಲೆಕ್ಕ ಬಂದರೆ ಸಾಕು ಎಂಬ ಮಾತು ನಮ್ಮ ದಾವಣಗೆರೆ, ಹರಿಹರಗಳ ಮನೆಗಳಲ್ಲಿ ಇಂದಿಗೂ ಒಮ್ಮೊಮ್ಮೆ ಕೇಳಿಬರುವುದುಂಟು. ಹತ್ತನೆಯ ತರಗತಿಯು ಮುಗಿದು ಮುಂದಿನ ವಿಷಯವನ್ನು ಆರಿಸಿಕೊಳ್ಳುವ ದಿನ ಈ ಒಂದು ಮಾತಿನಿಂದಲೇ ಬಾಲಕಿಯ ದಾರಿಯು ತಿರುಗಿಹೋಗಬಹುದು. ಇದು ಎಷ್ಟರಮಟ್ಟಿಗೆ ನಿಜವೆಂಬುದನ್ನು ನಮ್ಮ ನಾಡಿನವರೇ ಆದ ಓರ್ವ ಮಹಿಳೆಯ ಜೀವನದಿಂದ ಪರೀಕ್ಷಿಸಿ ನೋಡೋಣ.

ರಾಜೇಶ್ವರಿಯವರು 1922ನೆಯ ಇಸವಿ ಜನವರಿ 24ರಂದು ನಂಜನಗೂಡಿನಲ್ಲಿ ಜನಿಸಿದರು. ಇವರ ಅಜ್ಜಿ ಕಮಲಮ್ಮ ದಾಸಪ್ಪನವರು ಮೈಸೂರು ಸಂಸ್ಥಾನದಲ್ಲಿ ಮೊದಮೊದಲು ಪದವಿ ಪಡೆದ ಸ್ತ್ರೀಯರಲ್ಲಿ ಒಬ್ಬರು. ವಿಧವೆಯರಿಗೂ ಪತಿಯು ತೊರೆದ ಸ್ತ್ರೀಯರಿಗೂ ವಿದ್ಯೆಯು ದೊರೆಯಬೇಕೆಂದು ಶ್ರಮಿಸಿದವರು. ಅವರು ಸ್ಥಾಪಿಸಿದ ಸ್ಪೆಷಲ್ ಇಂಗ್ಲಿಷ್ ಸ್ಕೂಲಿನಲ್ಲಿಯೇ ಮೊಮ್ಮಗಳ ಮೊದಲ ವ್ಯಾಸಂಗವು ನಡೆಯಿತು. ಚರಿತ್ರೆಯನ್ನು ಓದಬೇಕೆಂಬ ಆಸೆಯು ಆಕೆಗೆ ಇದ್ದಿತಾದರೂ ಕಡೆಗೆ ವಿಜ್ಞಾನ, ಗಣಿತಗಳನ್ನೇ ಆರಿಸಿಕೊಂಡರು. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಗಣಿತವನ್ನು ಓದಿ, ಬಿ.ಎಸ್‌ಸಿ. ಆನರ್ಸ್ ಮತ್ತು ಎಂ.ಎಸ್‌ಸಿ. ಪರೀಕ್ಷೆಗಳೆರಡರಲ್ಲಿಯೂ ಮೈಸೂರು ವಿಶ್ವವಿದ್ಯಾನಿಲಯಕ್ಕೆ ಮೊದಲಿಗರಾಗಿ ತೇರ್ಗಡೆ ಹೊಂದಿದರು.

1943ರಲ್ಲಿ ಅವರು ಭಾರತೀಯ ವಿಜ್ಞಾನ ಸಂಸ್ಥೆಯ ವಿದ್ಯುತ್ ವಿಭಾಗವನ್ನು ಸಂಶೋಧನಾ ವಿದ್ಯಾರ್ಥಿನಿಯಾಗಿ ಸೇರಿದರು. ವಿದೇಶದಲ್ಲಿ ಹೆಚ್ಚಿನ ವ್ಯಾಸಂಗ ಮಾಡಲು ದೆಹಲಿಯ ಸರ್ಕಾರದ ವಿದ್ಯಾರ್ಥಿವೇತನವು 1946ರಲ್ಲಿ ದೊರೆಯಿತು. ಮಾರನೆಯ ವರ್ಷ, ಇನ್ನೂ ಇಪ್ಪತ್ತೈದರ ಪ್ರಾಯದ ಈ ತರುಣಿಯು ಸುಮಾರು ಒಂದು ತಿಂಗಳ ಕಾಲ ಹಡಗಿನಲ್ಲಿ ಪ್ರಯಾಣ ಮಾಡಿ ಅಮೆರಿಕವನ್ನು ಮುಟ್ಟಿದರು. ಮಿಷಿಗನ್ ವಿಶ್ವವಿದ್ಯಾನಿಲಯದಲ್ಲಿ ವಿದ್ಯುತ್ ಇಂಜಿನಿಯರಿಂಗಿನ ಸ್ನಾತಕೋತ್ತರ ಪದವಿಯನ್ನು ಪಡೆದು, ವಾಷಿಂಗ್ಟನ್ನಿನಲ್ಲಿ ಎಂಟು ತಿಂಗಳ ಪ್ರಾಯೋಗಿಕ ಶಿಕ್ಷಣವನ್ನೂ ಮುಗಿಸಿದರು. ಬಳಿಕ ಏಷ್ಯಾ ಖಂಡದ ಮಹಿಳೆಯರಿಗಾಗಿಯೇ ಮೀಸಲಾದ ಬಾರ್ಬರ್ ವಿದ್ಯಾರ್ಥಿವೇತನದ ನೆರವಿನಿಂದ ವಿಲಿಯಂ ಡೌ ಎಂಬ ಪ್ರಾಧ್ಯಾಪಕರ ಮಾರ್ಗದರ್ಶನದಲ್ಲಿ ಸಂಶೋಧನೆ ನಡೆಯಿಸಿ, 1953ರಲ್ಲಿ ಡಾಕ್ಟರೇಟ್ ಪಡೆದು ಸ್ವದೇಶಕ್ಕೆ ಮರಳಿದರು.

ಗಣಿತವನ್ನು ಓದಿದವರು ವಿದ್ಯುತ್ತಿನ ಕೆಲಸಕ್ಕೆ ಹೇಗೆ ಬಂದರೆಂದು ವಾಚಕರು ಕೇಳಬಹುದು. ಇವರು ಸಾಧಿಸಿದ ವಿಷಯವು ಮೈಕ್ರೋವೇವ್, ಅಂದರೆ ಅತಿ ಕಿರಿದಾದ ವಿದ್ಯುತ್ಕಾಂತ ತರಂಗಗಳು. ಅವು ಕಣ್ಣಿಗೆ ಕಾಣವು, ಕೈಗೆ ಸಿಕ್ಕವು. ಅವುಗಳ ನಡೆಯನ್ನು ಮೊದಲು ಲೆಕ್ಕದಿಂದಲೇ ತಿಳಿಯಬೇಕು. ಒಂದು ಸುಲಭವಾದ ಉದಾಹರಣೆಯನ್ನು ನೋಡಿರಿ. ಬೆಳಕಿನಂತೆ ಈ ತರಂಗವೂ ಒಂದು ಸೆಕೆಂಡಿಗೆ ಸುಮಾರು 30 ಕೋಟಿ ಮೀಟರು ಸಾಗುತ್ತದೆ. ಅದೇ ಸೆಕೆಂಡಿನಲ್ಲಿ ಅದು 1,000 ಕೋಟಿ ಸಲ ಕಂಪಿಸುವುದೆಂದು ಇಟ್ಟುಕೊಳ್ಳಿರಿ. 30 ಕೋಟಿಯನ್ನು 1,000 ಕೋಟಿಯಿಂದ ಭಾಗಿಸಿದರೆ 0.03 ಮೀಟರು, ಎಂದರೆ 3 ಸೆಂಟಿಮೀಟರು ಬರುತ್ತದೆ. ಇದೇ ಒಂದು ತರಂಗದ ಉದ್ದ. ತರಂಗವನ್ನು ಕಳುಹಿಸುವ ಮತ್ತು ಹಿಡಿಯುವ ಆಂಟೆನಾದ ಆಕಾರ, ಅಳತೆಗಳನ್ನು ಈ ಉದ್ದವನ್ನು ಅನುಸರಿಸಿಯೇ ನಿರ್ಧರಿಸಬೇಕು. ಮುಂದೆ ಲೆಕ್ಕವು ಬಹು ಕಠಿನವಾಗುತ್ತದೆ. ಆದರೆ ಅದರ ಮೊದಲ ಮೆಟ್ಟಿಲು ಶಾಲೆಯಲ್ಲಿ ಕಲಿತ ಭಾಗಾಕಾರವೇ. ವಿಮಾನವನ್ನು ದೂರದಿಂದಲೇ ಪತ್ತೆಹಚ್ಚುವ ರೇಡಾರ್, ಉಪಗ್ರಹಗಳೊಡನೆ ನಡೆಯುವ ಸಂಪರ್ಕ, ಇವೆಲ್ಲವೂ ಈ ಗಣಿತದ ಮೇಲೆಯೇ ನಿಂತಿವೆ.

1953ರಲ್ಲಿ ರಾಜೇಶ್ವರಿಯವರು ವಿಜ್ಞಾನ ಸಂಸ್ಥೆಯಲ್ಲಿ ಅಧ್ಯಾಪಕಿಯಾದರು. ಅದೇ ವಿಭಾಗದ ಅಧ್ಯಾಪಕರಾದ ಶಿಶಿರ ಕುಮಾರ ಚಟರ್ಜಿಯವರನ್ನು ವಿವಾಹವಾಗಿ, ದಂಪತಿಗಳಿಬ್ಬರೂ ಕೂಡಿ ಅಲ್ಲಿ ಮೈಕ್ರೋವೇವ್ ಸಂಶೋಧನೆಯನ್ನು ಕಟ್ಟಿ ಬೆಳೆಸಿದರು. ಮುಂದೆ ಈಕೆ ವಿಭಾಗದ ಮುಖ್ಯಸ್ಥರೂ ಆದರು. ಇಪ್ಪತ್ತು ಮಂದಿ ಶಿಷ್ಯರು ಇವರ ಕೈಕೆಳಗೆ ಡಾಕ್ಟರೇಟ್ ಪಡೆದರು. ನೂರಕ್ಕೂ ಮಿಕ್ಕ ಸಂಶೋಧನಾ ಲೇಖನಗಳನ್ನೂ ಏಳು ಗ್ರಂಥಗಳನ್ನೂ ರಚಿಸಿದರು. 1982ರಲ್ಲಿ ನಿವೃತ್ತರಾದ ಮೇಲೆ ಸ್ತ್ರೀಯರ ಏಳಿಗೆಯ ಕಾರ್ಯಗಳಲ್ಲಿ ತೊಡಗಿ, 2010ರ ಸೆಪ್ಟೆಂಬರ್ 3ರಂದು ದಿವಂಗತರಾದರು. ಕರ್ನಾಟಕದ ಮೊದಲ ಮಹಿಳಾ ಇಂಜಿನಿಯರ್ ಎಂದು ಇವರನ್ನು ಎಣಿಸುತ್ತಾರೆ. ಇವರ ಮಗಳೂ ವಿದ್ಯುತ್ ಇಂಜಿನಿಯರಿಂಗಿನ ಪ್ರಾಧ್ಯಾಪಕಿಯಾದರು.

ಪರದೇಶದಲ್ಲಿಯೂ ಇಂತಹ ನಿದರ್ಶನವುಂಟು. 1933ರಲ್ಲಿ ಜನಿಸಿದ ವಿಯೆಟ್ನಾಮಿನ ಹೋಆಂಗ್ ಸುವಾನ್ ಸಿನ್ ಎಂಬ ಗಣಿತಜ್ಞೆಯು ಯುದ್ಧದ ನಡುವೆಯೇ ತಮ್ಮ ಪ್ರಬಂಧವನ್ನು ಕೈಯಿಂದ ಬರೆದು, 1975ರಲ್ಲಿ ಪ್ಯಾರಿಸ್ಸಿನಲ್ಲಿ ಡಾಕ್ಟರೇಟ್ ಪಡೆದರು. 1988ರಲ್ಲಿ ಹನಾಯ್ ನಗರದಲ್ಲಿ ಒಂದು ಖಾಸಗಿ ವಿದ್ಯಾಪೀಠವು ಸ್ಥಾಪನೆಯಾಗಲು ಮುಂದಾಳಾದರು. ಕಲಿತುದನ್ನು ತನ್ನ ನಾಡಿಗೆ ತಂದು ಹಂಚುವುದರಲ್ಲಿ ಇಬ್ಬರದೂ ಒಂದೇ ದಾರಿ.

ರಾಜೇಶ್ವರಿಯವರು ಹಡಗನ್ನೇರಿದ 1947ರಲ್ಲಿ ದಾವಣಗೆರೆಯಲ್ಲಿ ಇಂಜಿನಿಯರಿಂಗ್ ಕಾಲೇಜೇ ಇರಲಿಲ್ಲ. ಇಂದು ಬಿ.ಡಿ.ಟಿ. ಎಂದು ಪ್ರಸಿದ್ಧವಾದ ಕಾಲೇಜು ಇಲ್ಲಿ ಆರಂಭವಾದದ್ದು 1951ರಲ್ಲಿ. ಬಾಪೂಜಿ ಇಂಜಿನಿಯರಿಂಗ್ ಕಾಲೇಜು ಆರಂಭವಾದದ್ದು 1979ರಲ್ಲಿ. ಹರಿಹರದ ಬಾಲಕಿಗೆ ಈಗ ಸಮುದ್ರವನ್ನು ದಾಟುವ ಅಗತ್ಯವಿಲ್ಲ, ಬಸ್ಸನ್ನು ಹತ್ತಿದರೆ ಸಾಕು. ಉಳಿದಿರುವ ಅಡ್ಡಿಯು ಮನೆಯ ಮಾತೊಂದೇ.

ಹಳೆಯ ವಿದ್ಯಾರ್ಥಿನಿಯರಾದ ಸೋದರಿಯರೇ, ನಿಮ್ಮಲ್ಲಿ ಅನೇಕರು ಈಗ ತಾಯಂದಿರು, ಅಜ್ಜಿಯರು. ರಾಜೇಶ್ವರಿಯವರಿಗೆ ಮೊದಲ ಬಾಗಿಲನ್ನು ತೆರೆದವರೂ ಓರ್ವ ಅಜ್ಜಿಯೇ ಎಂಬುದನ್ನು ನೆನೆಯಿರಿ. ನಿಮ್ಮ ಮನೆಯ ಬಾಲಕಿಯು ಲೆಕ್ಕದ ಪುಸ್ತಕವನ್ನು ಹಿಡಿದು ಕುಳಿತಾಗ ಇದು ನಿನಗೇಕೆ ಎನ್ನಬೇಡಿರಿ; ಮುಂದಿನ ಲೆಕ್ಕ ಯಾವುದು ಎಂದು ಕೇಳಿರಿ.