ಸರ್ಕಾರವನ್ನು ಟೀಕಿಸಿದ ಪೋಸ್ಟ್‌ಗೆ ಕೇಸು ಬಿದ್ದರೆ

ಠಾಣೆಯಿಂದ ಫೋನ್ ಬರುತ್ತದೆ. "ನೀವು ಹಾಕಿರೋ ಸ್ಟೇಟಸ್ ಮೇಲೆ ಕಂಪ್ಲೇಂಟ್ ಬಂದಿದೆ, ಸ್ವಲ್ಪ ಬಂದು ಹೋಗಿ." ರಸ್ತೆಗುಂಡಿಯ ಫೋಟೊ ಹಾಕಿ ಶಾಸಕರನ್ನು ಕೆಣಕಿದವರಿಗೂ ಈ ಕರೆ ಬರಬಹುದು, ಸರ್ಕಾರದ ಕಾಯ್ದೆಯೊಂದನ್ನು ಕಟುವಾಗಿ ಟೀಕಿಸಿದವರಿಗೂ ಬರಬಹುದು. ಹೆದರಿದವರು ಪೋಸ್ಟ್ ಅಳಿಸುತ್ತಾರೆ, ಕ್ಷಮೆ ಕೇಳಿ ವಿಡಿಯೊ ಮಾಡುತ್ತಾರೆ, ಮುಂದೆ ರಾಜಕೀಯದ ಸುದ್ದಿಗೇ ಹೋಗುವುದಿಲ್ಲ. ಬರೆದದ್ದು ಅಪರಾಧವೋ ಅಲ್ಲವೋ ಎಂಬ ಪ್ರಶ್ನೆಯನ್ನು ಯಾರೂ ಎತ್ತಿರುವುದೇ ಇಲ್ಲ. ಈ ಲೇಖನ ಆ ಪ್ರಶ್ನೆಗಾಗಿ, ಆಮೇಲೆ ಆ ಫೋನ್ ಕರೆಗಾಗಿ.

ಸಂವಿಧಾನದ 19(1)(ಎ) ವಿಧಿ ವಾಕ್ ಸ್ವಾತಂತ್ರ್ಯ ಕೊಡುತ್ತದೆ, 19(2) ಅದಕ್ಕೆ ಸಮಂಜಸ ನಿರ್ಬಂಧ ಹಾಕುತ್ತದೆ ಎಂಬುದು ಎಲ್ಲರಿಗೂ ಗೊತ್ತು. ಆದರೆ 19(2)ನ್ನು ಒಮ್ಮೆ ಓದಿ ನೋಡಬೇಕು. ದೇಶದ ಸಾರ್ವಭೌಮತೆ, ಭದ್ರತೆ, ಸಾರ್ವಜನಿಕ ಸುವ್ಯವಸ್ಥೆ, ಸಭ್ಯತೆ, ನ್ಯಾಯಾಂಗ ನಿಂದನೆ, ಮಾನಹಾನಿ, ಅಪರಾಧಕ್ಕೆ ಪ್ರಚೋದನೆ ಹೀಗೆ ಎಣಿಸಿ ಹೇಳಿದ ಕಾರಣಗಳಷ್ಟೇ ಅಲ್ಲಿವೆ. ಮಂತ್ರಿಗೆ ಮುಜುಗರವಾಯಿತು, ಪಕ್ಷದ ಕಾರ್ಯಕರ್ತರಿಗೆ ಸಿಟ್ಟು ಬಂತು ಎಂಬ ಕಾರಣ ಆ ಪಟ್ಟಿಯಲ್ಲಿಲ್ಲ.

2012ರ ನವೆಂಬರ್‌ನಲ್ಲಿ ಶಿವಸೇನೆ ನಾಯಕ ಬಾಳ ಠಾಕ್ರೆ ನಿಧನರಾದಾಗ ಮುಂಬೈ ಸ್ತಬ್ಧವಾಯಿತು. ಅದನ್ನು ಪ್ರಶ್ನಿಸಿ ಪಾಲ್ಘರ್‌ನ ಯುವತಿಯೊಬ್ಬಳು ಫೇಸ್‌ಬುಕ್‌ನಲ್ಲಿ ಬರೆದಳು, ಗೆಳತಿ ಲೈಕ್ ಒತ್ತಿದಳು. ಇಬ್ಬರನ್ನೂ ಬಂಧಿಸಲಾಯಿತು. ಮಾಹಿತಿ ತಂತ್ರಜ್ಞಾನ ಕಾಯ್ದೆಯ 66ಎ ಕಲಂ ಸುಪ್ರೀಂ ಕೋರ್ಟಿನ ಮೆಟ್ಟಿಲೇರಲು ಈ ಘಟನೆ ಕಾರಣವಾಯಿತು. 2015ರ ಮಾರ್ಚ್ 24ರಂದು ಶ್ರೇಯಾ ಸಿಂಘಾಲ್ ಪ್ರಕರಣದಲ್ಲಿ ನ್ಯಾಯಾಲಯ ಆ ಕಲಮನ್ನೇ ರದ್ದು ಮಾಡಿತು. ಚರ್ಚೆ ಬೇರೆ, ಪ್ರತಿಪಾದನೆ ಬೇರೆ, ಪ್ರಚೋದನೆ ಬೇರೆ. ಒಂದು ವಿಚಾರ ಎಷ್ಟೇ ಅಪ್ರಿಯವಾಗಿದ್ದರೂ ಅದನ್ನು ಚರ್ಚಿಸುವುದು, ಅದರ ಪರ ವಾದಿಸುವುದು ಹಕ್ಕು, ಪ್ರಚೋದನೆಯ ಹಂತ ಮುಟ್ಟಿದಾಗ ಮಾತ್ರ ಕಾನೂನು ಕೈಹಾಕಬಹುದು ಎಂದು ಆ ತೀರ್ಪು ಹೇಳಿತು. ಬೇಸರದ ಸಂಗತಿಯೆಂದರೆ, ರದ್ದಾದ ಕಲಮಿನಡಿ ಪೊಲೀಸರು ವರ್ಷಗಟ್ಟಲೆ ಕೇಸು ದಾಖಲಿಸುತ್ತಲೇ ಇದ್ದರು. 66ಎ ಅಡಿ ಯಾರನ್ನೂ ವಿಚಾರಣೆಗೆ ಗುರಿಪಡಿಸಬಾರದೆಂದು 2022ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ಮತ್ತೊಮ್ಮೆ ಆದೇಶಿಸಬೇಕಾಯಿತು. ಹಾಗಾಗಿ ಎಫ್‌ಐಆರ್ ಕೈಗೆ ಸಿಕ್ಕಾಗ ಮೊದಲು ನೋಡಬೇಕಾದದ್ದು ಅದರಲ್ಲಿ ಬರೆದಿರುವ ಕಲಂಗಳನ್ನು.

ಪ್ರತಿಭಟನೆಯ ಮಾತು ಮೆತ್ತಗಿರುವುದಿಲ್ಲ. ಘೋಷಣೆ, ಅಣಕ, ವ್ಯಂಗ್ಯಚಿತ್ರ, ಮೀಮ್, ಹಾಡು ಇವೆಲ್ಲ ಚುಚ್ಚುವುದಕ್ಕೇ ಹುಟ್ಟಿದವು. ಚುಚ್ಚಿದ್ದು ಅಪರಾಧವಾಯಿತೇ ಎಂದು ಅಳೆಯುವವರು ಯಾರ ಕಣ್ಣಿನಿಂದ ಓದಬೇಕು? ನನ್ನ ದೃಷ್ಟಿಯಲ್ಲಿ ಇಡೀ ವಿಷಯದ ತಿರುಳು ಇಲ್ಲಿದೆ. ಸ್ವಾತಂತ್ರ್ಯದ ಹೊಸ್ತಿಲಲ್ಲಿ ನಾಗಪುರ ಹೈಕೋರ್ಟ್‌ನ ನ್ಯಾಯಮೂರ್ತಿ ವಿವಿಯನ್ ಬೋಸ್ ಇದಕ್ಕೆ ಉತ್ತರ ಕೊಟ್ಟಿದ್ದರು. ವಿವೇಕವುಳ್ಳ, ಗಟ್ಟಿ ಮನಸ್ಸಿನ, ಧೈರ್ಯವಂತ ಮನುಷ್ಯನ ಮೇಲೆ ಆ ಮಾತು ಏನು ಪರಿಣಾಮ ಬೀರುತ್ತದೆ ಎಂದು ನೋಡಬೇಕೇ ಹೊರತು, ಪ್ರತಿ ಟೀಕೆಯಲ್ಲೂ ಅಪಾಯ ಕಾಣುವ ದುರ್ಬಲ ಮನಸ್ಸಿನವನ ಮೇಲಲ್ಲ ಎಂಬುದು ಅವರ ನಿಲುವಿನ ಸಾರ. ಇದು ಹಳೆಯ ಪುಸ್ತಕದಲ್ಲಿ ಮಲಗಿರುವ ಮಾತಲ್ಲ. ಕೊಲ್ಹಾಪುರದ ಕಾಲೇಜು ಪ್ರಾಧ್ಯಾಪಕರೊಬ್ಬರು, 370ನೇ ವಿಧಿ ರದ್ದಾದ ಆಗಸ್ಟ್ 5ನ್ನು ಜಮ್ಮು ಮತ್ತು ಕಾಶ್ಮೀರಕ್ಕೆ ಕರಾಳ ದಿನವೆಂದು ವಾಟ್ಸ್‌ಆ್ಯಪ್ ಸ್ಟೇಟಸ್ ಹಾಕಿದ್ದರು, ಆಗಸ್ಟ್ 14ರಂದು ಪಾಕಿಸ್ತಾನಕ್ಕೆ ಸ್ವಾತಂತ್ರ್ಯ ದಿನದ ಶುಭಾಶಯವನ್ನೂ ಹೇಳಿದ್ದರು. ಅವರ ಮೇಲಿನ ಕೇಸನ್ನು 2024ರ ಮಾರ್ಚ್ 7ರಂದು ರದ್ದುಪಡಿಸುವಾಗ ಸುಪ್ರೀಂ ಕೋರ್ಟ್ ಬಳಸಿದ್ದು ಇದೇ ಅಳತೆಗೋಲನ್ನು. ಪೊಲೀಸರಿಗೆ ವಾಕ್ ಸ್ವಾತಂತ್ರ್ಯದ ಬಗ್ಗೆ ತಿಳಿವಳಿಕೆ ಕೊಡುವ ಕಾಲ ಬಂದಿದೆ ಎಂದೂ ಅದು ಹೇಳಿತು. ಮರುವರ್ಷ ರಾಜ್ಯಸಭಾ ಸದಸ್ಯ ಇಮ್ರಾನ್ ಪ್ರತಾಪ್‌ಗಢಿ ಹಂಚಿಕೊಂಡ ವಿಡಿಯೊದ ಹಿನ್ನೆಲೆಯಲ್ಲಿದ್ದ ಒಂದು ಕವಿತೆಗಾಗಿ ಜಾಮ್‌ನಗರದಲ್ಲಿ ಎಫ್‌ಐಆರ್ ಆಯಿತು. 2025ರ ಮಾರ್ಚ್ 28ರಂದು ಅದೂ ರದ್ದಾಯಿತು. ಎರಡೂ ತೀರ್ಪು ಕೊಟ್ಟ ಪೀಠದಲ್ಲಿದ್ದವರು ನ್ಯಾಯಮೂರ್ತಿ ಅಭಯ್ ಓಕಾ. ಅವರು ಕರ್ನಾಟಕದ ಮುಖ್ಯ ನ್ಯಾಯಮೂರ್ತಿಯಾಗಿದ್ದಾಗಲೇ, ಪೌರತ್ವ ಕಾಯ್ದೆ ವಿರೋಧಿ ಪ್ರತಿಭಟನೆಯ ಹೊತ್ತಿಗೆ 2019ರ ಡಿಸೆಂಬರ್‌ನಲ್ಲಿ ಬೆಂಗಳೂರಿನಲ್ಲಿ ಜಾರಿಯಾಗಿದ್ದ 144ನೇ ಕಲಂ ನಿಷೇಧಾಜ್ಞೆ ಕಾನೂನುಬಾಹಿರ ಎಂದು ತೀರ್ಪು ಬಂದಿತ್ತು.

ನಮ್ಮ ಬೀದರ್‌ನದೂ ಇಲ್ಲಿ ಹೇಳಲೇಬೇಕು. 2020ರ ಜನವರಿಯಲ್ಲಿ ಶಾಲೆಯೊಂದರ ಮಕ್ಕಳು ಪೌರತ್ವ ಕಾಯ್ದೆಯ ಬಗ್ಗೆ ನಾಟಕ ಆಡಿದರು. ಅದರ ವಿಡಿಯೊ ಫೇಸ್‌ಬುಕ್‌ಗೆ ಬಂದ ಮೇಲೆ ರಾಜದ್ರೋಹದ ಕೇಸಾಯಿತು, ಶಿಕ್ಷಕಿಯೂ ಒಬ್ಬ ಮಗುವಿನ ತಾಯಿಯೂ ಜೈಲು ಕಂಡರು. 2023ರ ಜೂನ್‌ನಲ್ಲಿ ಹೈಕೋರ್ಟ್‌ನ ಕಲಬುರಗಿ ಪೀಠ ಕೇಸನ್ನು ರದ್ದು ಮಾಡಿತು. ನಾಟಕದಲ್ಲಿ ಪ್ರಧಾನಿಯ ಬಗ್ಗೆ ಆಡಿದ ಮಾತು ಅವಹೇಳನಕಾರಿ, ಬೇಜವಾಬ್ದಾರಿಯದು ಎಂದೂ ಪೀಠ ಹೇಳಿತು, ಆದರೆ ಅದು ರಾಜದ್ರೋಹವಲ್ಲ ಎಂದಿತು. ಮಾತು ಒರಟಾಗಿರುವುದು ಒಂದು, ಅಪರಾಧವಾಗುವುದು ಇನ್ನೊಂದು. ಆದರೆ ಮೂರು ವರ್ಷ ಮೀರಿ ಹೋದದ್ದನ್ನು ಯಾವ ತೀರ್ಪೂ ವಾಪಸು ಕೊಡುವುದಿಲ್ಲ.

ರಾಜದ್ರೋಹದ 124ಎ ಕಲಮನ್ನು 2022ರ ಮೇ 11ರಂದು ಸುಪ್ರೀಂ ಕೋರ್ಟ್ ಅಮಾನತಿನಲ್ಲಿಟ್ಟಿತು. ಅರ್ಜಿ ಹಾಕಿದವರಲ್ಲಿ ಮೈಸೂರಿನ ನಿವೃತ್ತ ಮೇಜರ್ ಜನರಲ್ ಎಸ್.ಜಿ. ಒಂಬತ್ಕೆರೆ ಒಬ್ಬರು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ ರಾಜದ್ರೋಹ ಎಂಬ ಪದವಿಲ್ಲ, ಆದರೆ 152ನೇ ಕಲಂ ಇದೆ, ಶಿಕ್ಷೆ ಜೀವಾವಧಿಯವರೆಗೂ ಹೋಗುತ್ತದೆ. ಸರ್ಕಾರದ ಕ್ರಮಗಳನ್ನು ಕಾನೂನುಬದ್ಧವಾಗಿ ಬದಲಿಸಬೇಕೆಂದು ಅಸಮ್ಮತಿ ಹೇಳುವುದರ ಬಗ್ಗೆ ಅದಕ್ಕೊಂದು ವಿವರಣೆ ಇದೆ. ವಕೀಲರಿಗೆ ಅದನ್ನು ತೋರಿಸಿ. ಆನ್‌ಲೈನ್ ಮಾತಿಗೆ ಸಾಮಾನ್ಯವಾಗಿ ಬೀಳುವುದು 196 (ಗುಂಪುಗಳ ನಡುವೆ ದ್ವೇಷ), 299 (ಧಾರ್ಮಿಕ ಭಾವನೆಗೆ ಉದ್ದೇಶಪೂರ್ವಕ ಅವಮಾನ), 353 (ಸುಳ್ಳು ಸುದ್ದಿ, ವದಂತಿ) ಕಲಂಗಳು. ಇಲ್ಲಿ ಎಚ್ಚರ ಬೇಕು. ಸರ್ಕಾರವನ್ನು ಬೈಯುವುದಕ್ಕಿರುವ ಅವಕಾಶ ಒಂದು ಸಮುದಾಯವನ್ನು ಬೈಯುವುದಕ್ಕಿಲ್ಲ. ಮಂತ್ರಿಯ ನೀತಿಯಿಂದ ಶುರುವಾದ ಸಾಲು ಮಂತ್ರಿಯ ಜಾತಿಗೋ ಧರ್ಮಕ್ಕೋ ಜಾರಿದರೆ ನೀವು ನಿಂತ ನೆಲವೇ ಬದಲಾಗುತ್ತದೆ. ಯಾರೋ ಕಳಿಸಿದ ಹಳೆಯ ವಿಡಿಯೊವನ್ನು ಇಂದಿನದೆಂದು ಫಾರ್ವರ್ಡ್ ಮಾಡುವುದೂ ಅಷ್ಟೇ ಅಪಾಯ. ವಾಟ್ಸ್‌ಆ್ಯಪ್ ಗುಂಪಿನ ಅಡ್ಮಿನ್‌ಗಳು ಮಾತ್ರ, ಇತರರು ಹಾಕಿದ್ದಕ್ಕೆಲ್ಲ ತಾವೇ ಹೊಣೆ ಎಂದು ಹೆದರಬೇಕಿಲ್ಲ. ಕೇವಲ ಅಡ್ಮಿನ್ ಆದ ಮಾತ್ರಕ್ಕೆ ಸದಸ್ಯರ ಪೋಸ್ಟ್‌ಗೆ ಅಪರಾಧ ಹೊಣೆ ಬರುವುದಿಲ್ಲವೆಂದು ಬಾಂಬೆ ಹೈಕೋರ್ಟ್ 2021ರಲ್ಲೂ ಕೇರಳ ಹೈಕೋರ್ಟ್ 2022ರಲ್ಲೂ ಹೇಳಿವೆ. ಸರ್ಕಾರಿ ನೌಕರರ ಕಥೆ ಬೇರೆ. ನಡತೆ ನಿಯಮಗಳಡಿ ಅವರ ಮೇಲೆ ಇಲಾಖಾ ವಿಚಾರಣೆ ಪ್ರತ್ಯೇಕವಾಗಿ ನಡೆಯಬಹುದು.

ನಾಯಕರ ಮಾನ ಹೋಯಿತೆಂದು ಅವರ ಬೆಂಬಲಿಗರು ಠಾಣೆಗೆ ಹೋಗುವುದು ಈಗ ಮಾಮೂಲು. ಮಾನಹಾನಿ (ನ್ಯಾಯ ಸಂಹಿತೆಯ 356ನೇ ಕಲಂ) ಅಸಂಜ್ಞೇಯ ಅಪರಾಧ. ಪೊಲೀಸರು ತಾವಾಗಿ ಎಫ್‌ಐಆರ್ ಹಾಕಿ ತನಿಖೆ ಮಾಡುವಂತಿಲ್ಲ, ನೊಂದವರು ಮ್ಯಾಜಿಸ್ಟ್ರೇಟರ ಮುಂದೆ ಖಾಸಗಿ ದೂರು ಕೊಡಬೇಕು.

ಈಗ ಆ ಫೋನ್ ಕರೆಗೆ ಬರೋಣ. ಬಾಯಿಮಾತಿನ ಕರೆಗೆ ಓಡಬೇಡಿ, "ನೋಟಿಸ್ ಕೊಡಿ ಸರ್, ಬರ್ತೀನಿ" ಎಂದು ಸೌಜನ್ಯದಿಂದಲೇ ಹೇಳಿ. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 35(3) ಅಡಿ ಆರೋಪಿಗೆ ಲಿಖಿತ ನೋಟಿಸ್ ಕೊಡಬೇಕು, ಅದನ್ನು ವಾಟ್ಸ್‌ಆ್ಯಪ್‌ನಲ್ಲಿ ಕಳಿಸಿದರೆ ಸಾಲದೆಂದು 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ನೋಟಿಸ್ ಬಂದ ಮೇಲೆ ಮಾತ್ರ ತಪ್ಪಿಸಬೇಡಿ. ಹೇಳಿದ ದಿನ ಹೋದವರನ್ನು ಕಾರಣ ದಾಖಲಿಸದೆ ಬಂಧಿಸುವಂತಿಲ್ಲ, ಹೋಗದಿದ್ದರೆ ಬಂಧನಕ್ಕೆ ನೀವೇ ಕಾರಣ ಕೊಟ್ಟಂತೆ. ಸಾಕ್ಷಿಯಾಗಿ ಕರೆದರೆ (179ನೇ ಕಲಂ) ಮಹಿಳೆಯರು, 60 ದಾಟಿದವರು ಠಾಣೆಗೆ ಹೋಗಬೇಕಿಲ್ಲ, ಅವರಿರುವಲ್ಲಿಗೆ ಪೊಲೀಸರು ಬರಬೇಕು. ಪೋಸ್ಟನ್ನು ಅಳಿಸುವ ಮೊದಲು ತಾರೀಕು, ಹಿಂದುಮುಂದಿನ ಮಾತುಗಳ ಸಮೇತ ಸ್ಕ್ರೀನ್‌ಶಾಟ್ ಇಟ್ಟುಕೊಳ್ಳಿ. ಸಂದರ್ಭದಿಂದ ಕಿತ್ತ ಒಂದೇ ಸಾಲು ದೂರಿನಲ್ಲಿರುತ್ತದೆ, ಪೂರ್ತಿ ಪೋಸ್ಟ್ ನಿಮ್ಮ ರಕ್ಷಣೆ.

ಸುರಕ್ಷಾ ಸಂಹಿತೆಯ 173(3) ಎಂಬ ಕಲಮನ್ನು ನೆನಪಿಡಿ. 3 ವರ್ಷದಿಂದ 7 ವರ್ಷದೊಳಗಿನ ಶಿಕ್ಷೆಯ ಅಪರಾಧಗಳಲ್ಲಿ, ಡಿವೈಎಸ್‌ಪಿ ಅನುಮತಿ ಪಡೆದು ಎಫ್‌ಐಆರ್‌ಗೆ ಮೊದಲು 14 ದಿನಗಳಲ್ಲಿ ಪ್ರಾಥಮಿಕ ವಿಚಾರಣೆ ಮಾಡಬಹುದು. ಮಾತು, ಬರಹದ ದೂರುಗಳಲ್ಲಿ ಈ ಹಾದಿಯೇ ಯುಕ್ತ ಎಂದು ಇಮ್ರಾನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ದೂರು ಬಂದ ಸುದ್ದಿ ತಿಳಿದ ಕೂಡಲೇ ಆ ತೀರ್ಪನ್ನು ಉಲ್ಲೇಖಿಸಿ ಎಸ್‌ಪಿ ಅಥವಾ ಕಮಿಷನರಿಗೆ ಒಂದು ಮನವಿ ಕೊಟ್ಟು ಸ್ವೀಕೃತಿ ಪಡೆಯಿರಿ.

ಬಂಧಿಸಿದರೆ ಕಾರಣವನ್ನು ನಿಮಗೆ ತಿಳಿಯುವ ಭಾಷೆಯಲ್ಲಿ ಬರವಣಿಗೆಯಲ್ಲಿ ಕೇಳಿ. ಮನೆಯವರಿಗೆ ತಿಳಿಸಬೇಕು, 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಬೇಕು, ವಿಚಾರಣೆ ವೇಳೆ ವಕೀಲರನ್ನು ಭೇಟಿಯಾಗುವ ಹಕ್ಕು ನಿಮಗಿದೆ. ಮೊಬೈಲ್ ವಶಪಡಿಸಿಕೊಂಡರೆ ಪಟ್ಟಿಯ ಪ್ರತಿ ಪಡೆಯಿರಿ. ಶೋಧ ಮತ್ತು ಜಪ್ತಿಯನ್ನು ವಿಡಿಯೊ ಮಾಡಬೇಕೆಂದು 105ನೇ ಕಲಂ ಹೇಳುತ್ತದೆ. ಪಾಸ್‌ವರ್ಡ್ ಕೊಡುವುದು ತನ್ನ ವಿರುದ್ಧ ತಾನೇ ಸಾಕ್ಷಿ ನುಡಿದಂತಲ್ಲ ಎಂದು ಕರ್ನಾಟಕ ಹೈಕೋರ್ಟ್ 2021ರ ವಿರೇಂದ್ರ ಖನ್ನಾ ಪ್ರಕರಣದಲ್ಲಿ ಹೇಳಿದೆ, ಆದರೆ ಕೊಡಲೊಪ್ಪದಿದ್ದರೆ ಪೊಲೀಸರು ಶೋಧನಾ ವಾರಂಟ್‌ಗಾಗಿ ನ್ಯಾಯಾಲಯಕ್ಕೆ ಹೋಗಬೇಕಾಗುತ್ತದೆ. ಈ ವಿಷಯದಲ್ಲಿ ವಕೀಲರನ್ನು ಕೇಳದೆ ಹೂಂ ಅನ್ನಬೇಡಿ.

ದೋಷಾರೋಪ ಪಟ್ಟಿ ಬಂದ ಮೇಲೂ ಒಂದು ಬಾಗಿಲಿದೆ. ನ್ಯಾಯ ಸಂಹಿತೆಯ 196, 299ರಂಥ ಕಲಂಗಳಲ್ಲಿ ಸರ್ಕಾರದ ಪೂರ್ವಾನುಮತಿ ಇಲ್ಲದೆ ನ್ಯಾಯಾಲಯ ಪ್ರಕರಣವನ್ನು ವಿಚಾರಣೆಗೆ ಎತ್ತಿಕೊಳ್ಳುವಂತಿಲ್ಲ (ಸುರಕ್ಷಾ ಸಂಹಿತೆಯ 217ನೇ ಕಲಂ). ಅನುಮತಿ ಪತ್ರ ಕಡತದಲ್ಲಿದೆಯೇ ಎಂದು ನೋಡಿಸಿ. ಬಂಧನದ ಭಯವಿದ್ದರೆ 482ರಡಿ ನಿರೀಕ್ಷಣಾ ಜಾಮೀನು, ಕೇಸೇ ನಿಲ್ಲದ್ದಾದರೆ 528ರಡಿ ಬೆಂಗಳೂರು, ಧಾರವಾಡ ಅಥವಾ ಕಲಬುರಗಿ ಪೀಠದಲ್ಲಿ ರದ್ದತಿ ಅರ್ಜಿ. ವಕೀಲರಿಗೆ ಕೊಡಲು ಹಣವಿಲ್ಲದವರು ತಾಲ್ಲೂಕು ನ್ಯಾಯಾಲಯದ ಆವರಣದಲ್ಲೇ ಇರುವ ಕಾನೂನು ಸೇವಾ ಸಮಿತಿಗೆ ಹೋಗಬಹುದು, ಅಥವಾ 15100ಕ್ಕೆ ಕರೆ ಮಾಡಬಹುದು. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ, ಬಂಧನದಲ್ಲಿರುವವರಿಗೆ ಆದಾಯದ ಮಿತಿಯಿಲ್ಲದೆ ಉಚಿತ ವಕೀಲರು ಸಿಗುತ್ತಾರೆ.