ರಾಣಿಗೆ ಗೊತ್ತಿತ್ತಾ?

ಕೂಸೇ,

ನಿನ್ನೆ ರಾತ್ರಿ ನೀನು ಫೋನಿನಲ್ಲಿ ಕೇಳಿದ್ದಕ್ಕೆ ‘ಹಾಲು ಉಕ್ತಾ ಇದೆ, ಇಡ್ತೇನೆ’ ಅಂದೆ. ಹಾಲು ಉಕ್ಕಿದ್ದು ಹೌದು. ಉಕ್ಕದಿದ್ದರೆ ಬೇರೇನಾದರೂ ನೆವ ಹುಡುಕುತ್ತಿದ್ದೆ. ‘ನಾಗಮಂಡಲ’ ಓದಿ ಮುಗಿಸಿದ ಹುಡುಗಿಯರೆಲ್ಲ ಕೇಳುವ ಪ್ರಶ್ನೆಯೇ ನಿನ್ನದೂ: ‘ಚಿಕ್ಕಜ್ಜೀ, ರಾತ್ರಿ ಬರೋನು ಗಂಡ ಅಲ್ಲ ಅಂತ ರಾಣಿಗೆ ಗೊತ್ತಿತ್ತಾ?’ ಮೂವತ್ತು ವರ್ಷದ ಮೇಲೆ ಲೈಬ್ರರಿಯ ಕೌಂಟರಿನಲ್ಲಿ ಕೂತವಳು ನಾನು. ಆ ಪುಸ್ತಕ ವಾಪಸ್ ಕೊಡಲು ಬಂದವರಲ್ಲಿ ಎಷ್ಟೋ ಜನ ಸೀಲು ಹಾಕುವ ಹೊತ್ತಿನಲ್ಲಿ ದನಿ ತಗ್ಗಿಸಿ ಇದನ್ನೇ ಕೇಳಿದ್ದಾರೆ. ನನ್ನ ಉತ್ತರ ಮೂರು ಸಲ ಬದಲಾಗಿದೆ. ಅದನ್ನು ಫೋನಿನಲ್ಲಿ ಹೇಳಿ ಮುಗಿಸಲಿಕ್ಕಾಗುವುದಿಲ್ಲ, ಅದಕ್ಕೇ ಈ ಕಾಗದ.

ಕಾರ್ನಾಡರು 1988ರ ಹೊತ್ತಿಗೆ ಆ ನಾಟಕ ಬರೆದರು. ಮೊದಲ ಸಲ ಓದಿದಾಗ ರಾಣಿ ನನಗೆ ಬರೀ ಪಾಪದ ಹುಡುಗಿಯಾಗಿ ಕಂಡಳು. ಮದುವೆಯಾಗಿ ಬಂದವಳನ್ನು ಗಂಡ ಅಪ್ಪಣ್ಣ ಮನೆಯೊಳಗಿಟ್ಟು ಬೀಗ ಜಡಿಯುತ್ತಾನೆ, ಮಧ್ಯಾಹ್ನ ಬಂದು ಉಂಡು ಸೂಳೆಯ ಮನೆಗೆ ಹೋಗುತ್ತಾನೆ. ಗಂಡ ಒಲಿಯಲೆಂದು ಮುದುಕಿ ಕುರುಡವ್ವ ಕೊಟ್ಟ ಬೇರನ್ನು ಅರೆದು ಸಾರಿಗೆ ಹಾಕಿದರೆ ಸಾರು ರಕ್ತದಂತೆ ಕೆಂಪಗಾಗುತ್ತದೆ. ಹೆದರಿದ ರಾಣಿ ಅದನ್ನು ಹುತ್ತಕ್ಕೆ ಸುರಿಯುತ್ತಾಳೆ. ಹುತ್ತದೊಳಗಿನ ನಾಗ ಅವಳಿಗೆ ಮನಸೋತು ರಾತ್ರಿ ಬಚ್ಚಲ ತೂಬಿನಿಂದ ನುಸುಳಿ ಅಪ್ಪಣ್ಣನ ರೂಪದಲ್ಲಿ ಬರುತ್ತಾನೆ. ಇಷ್ಟು ಕಷ್ಟದಲ್ಲಿರುವ ಹುಡುಗಿಗೆ ಏನು ಗೊತ್ತಾದೀತು ಅಂದುಕೊಂಡೆ.

ಹತ್ತು ವರ್ಷ ಕಳೆದು ಮತ್ತೆ ಓದಿದಾಗ ನಾನು ಸ್ವಲ್ಪ ಜಾಣೆಯಾಗಿದ್ದೆ, ಅಥವಾ ಹಾಗಂದುಕೊಂಡಿದ್ದೆ. ಗೊತ್ತಿಲ್ಲದೆ ಇರುತ್ತದೆಯೇ ಅಂದೆ. ರಾತ್ರಿ ಅವನ ಮೈಮೇಲೆ ಗಾಯ ಇರುತ್ತದೆ, ಹಗಲು ಬಂದವನ ಮೈಮೇಲೆ ಇಲ್ಲ. ರಾತ್ರಿ ಅಷ್ಟು ಪ್ರೀತಿ ಮಾಡಿದವನು ಹಗಲು ನಾಯಿಯಂತೆ ಬೊಗಳುತ್ತಾನೆ. ಹಾದರದ ಆರೋಪಕ್ಕೆ ಪಂಚಾಯಿತಿ ಸೇರಿದಾಗ ಅವಳು ಹಾವನ್ನು ಕೈಯಲ್ಲಿ ಹಿಡಿದು ಇಡುವ ಆಣೆ ನೋಡು. ಗಂಡನನ್ನೂ ಈ ನಾಗರಹಾವನ್ನೂ ಬಿಟ್ಟು ಬೇರೆ ಯಾವ ಗಂಡಸನ್ನೂ ಮುಟ್ಟಿದವಳಲ್ಲ ಅನ್ನುತ್ತಾಳೆ. ಒಂದಕ್ಷರ ಸುಳ್ಳಿಲ್ಲ. ಇಷ್ಟು ಲೆಕ್ಕಾಚಾರದ ಆಣೆಯನ್ನು ಏನೂ ಗೊತ್ತಿಲ್ಲದವಳು ಇಡಲಿಕ್ಕುಂಟೇ? ಈ ಉತ್ತರ ಕೊಟ್ಟಾಗ ಹುಡುಗಿಯರು ಕಣ್ಣರಳಿಸುತ್ತಿದ್ದರು, ನನಗೂ ಹೆಮ್ಮೆಯಾಗುತ್ತಿತ್ತು.

ಮೂರನೆಯ ಉತ್ತರ ನಿವೃತ್ತಿಯ ಹೊತ್ತಿಗೆ ಹೊಳೆದದ್ದು. ನೋಡು ಕೂಸೇ, ‘ಅವಳಿಗೆ ಗೊತ್ತಿತ್ತಾ, ಇಲ್ವಾ’ ಅನ್ನುವುದು ಪಂಚಾಯಿತಿಯ ಪ್ರಶ್ನೆ. ನಾಟಕದಲ್ಲಿ ಅದನ್ನು ಕೇಳಲು ಊರ ಹಿರಿಯರು ಸೇರಿದ್ದಾರಲ್ಲ, ಅವರ ಪಕ್ಕದಲ್ಲೇ ನಾವೂ ಚಾಪೆ ಹಾಸಿಕೊಂಡು ಕೂತಿದ್ದೇವೆ. ನಾನೂ ಇಷ್ಟು ವರ್ಷ ಕೂತಿದ್ದೆ. ಅಲ್ಲಿಂದ ಎದ್ದು ಬಂದರೆ ಬೇರೊಂದು ಕಾಣುತ್ತದೆ. ಹಗಲಿನ ಅಪ್ಪಣ್ಣನೂ ಪ್ರಶ್ನೆ ಕೇಳಬೇಡ, ಹೇಳಿದ್ದು ಮಾಡು ಅನ್ನುತ್ತಾನೆ. ರಾತ್ರಿಯ ನಾಗನೂ ಅದನ್ನೇ ಅನ್ನುತ್ತಾನೆ. ಒಬ್ಬ ಗದರಿ ಹೇಳುತ್ತಾನೆ, ಒಬ್ಬ ತಲೆ ನೇವರಿಸಿ ಹೇಳುತ್ತಾನೆ. ಬಾಯಿ ಮುಚ್ಚಿದ್ದು ಎರಡು ಕಡೆಯೂ ಅವಳೇ. ಗೊತ್ತು ಮಾಡಿಕೊಳ್ಳಲು ಅವಳಿಗೆ ಜಾಗವೇ ಇರಲಿಲ್ಲ. ಗೊತ್ತಾದ ಕ್ಷಣ ಆ ರಾತ್ರಿಗಳೂ ಅವಳ ಪಾಲಿಗೆ ಉಳಿಯುವುದಿಲ್ಲ.

ಹಾಗಾಗಿ ನಿನಗೆ ನನ್ನ ಕಿವಿಮಾತು ಇಷ್ಟು. ಪುಸ್ತಕದಲ್ಲಿ ಹೆಂಗಸಿನ ಹತ್ತಿರ ಹಾವೋ ದೆವ್ವವೋ ಸತ್ತವರೋ ಬಂದಾಗ, ಅದು ನಿಜವೋ ಸುಳ್ಳೋ ಅಂತ ಮೊದಲೇ ಕೇಳಬೇಡ. ಯಾವಾಗ ಬಂತು ಅಂತ ಕೇಳು. ಅದು ಬರುವ ಮುಂಚಿನ ನಾಲ್ಕು ಪುಟ ತಿರುವಿಹಾಕು. ಆ ಪುಟಗಳಲ್ಲಿ ಅವಳು ಎಷ್ಟು ಮಾತಾಡಿದ್ದಾಳೆ, ಯಾರ ಎದುರು ಮಾತಾಡಿದ್ದಾಳೆ ಎಣಿಸು.

ಕಾರ್ನಾಡರಿಗೆ ಈ ಕಥೆ ಕೊಟ್ಟವರು ಎ.ಕೆ. ರಾಮಾನುಜನ್. ನಾಟಕಕ್ಕೆ ಚೌಕಟ್ಟಾಗಿ ನಿಂತ ಇನ್ನೊಂದು ಜನಪದ ಕಥೆಯೂ ಅವರ ಸಂಗ್ರಹದ್ದೇ. ಒಬ್ಬ ಹೆಂಗಸಿಗೆ ಒಂದು ಕಥೆ, ಒಂದು ಹಾಡು ಬರುತ್ತಿತ್ತು. ಯಾರಿಗೂ ಹೇಳಲಿಲ್ಲ, ಹಾಡಲಿಲ್ಲ. ಒಳಗೆ ಉಸಿರುಕಟ್ಟಿದ ಅವು ಒಂದು ದಿನ ಅವಳು ಬಾಯಿ ತೆರೆದು ಮಲಗಿದ್ದಾಗ ಹೊರಗೆ ಹಾರಿದವು. ಕಥೆ ಒಂದು ಜೊತೆ ಮೆಟ್ಟಾಗಿ ಬಾಗಿಲಲ್ಲಿ ಕೂತಿತು, ಹಾಡು ಗಂಡಸಿನ ಅಂಗಿಯಾಗಿ ಗೂಟಕ್ಕೆ ನೇತುಬಿತ್ತು. ಗಂಡ ಬಂದವನು ಯಾರದು ಇದು ಅಂದ. ಅವಳಿಗೂ ಗೊತ್ತಿಲ್ಲ. ಜಗಳವಾಗಿ ಅವನು ಕಂಬಳಿ ಎತ್ತಿಕೊಂಡು ಹನುಮಂತನ ಗುಡಿಗೆ ಮಲಗಲು ಹೋದ. ಊರಿನ ದೀಪಗಳೆಲ್ಲ ಆರಿಸಿದ ಮೇಲೆ ಆ ಗುಡಿಯಲ್ಲಿ ಸೇರಿ ಹರಟುತ್ತವಂತೆ. ತಡವಾಗಿ ಬಂದ ಅವನ ಮನೆಯ ದೀಪ ಇದ್ದದ್ದನ್ನು ಇದ್ದ ಹಾಗೆ ಹೇಳಿತು. ಬೆಳಿಗ್ಗೆ ಅವನು ಮನೆಗೆ ಬಂದು, ಯಾವುದೇ ಅದು ಕಥೆ, ಯಾವುದದು ಹಾಡು ಅಂತ ಕೇಳಿದ. ಅವಳಿಗೆ ಮರೆತುಹೋಗಿತ್ತು.

ಅಷ್ಟೇ ಕಥೆ. ಇದನ್ನು ನೆನೆದಾಗೆಲ್ಲ ನನಗೆ ಕೊನೆಯ ಮಾತೇ ಚುಚ್ಚುತ್ತದೆ. ಗಂಡ ಕೇಳುವ ಹೊತ್ತಿಗೆ ಹೇಳಲು ಏನೂ ಉಳಿದಿಲ್ಲ. ರಾಮಾನುಜನ್ ಇನ್ನೊಂದು ಸೂಕ್ಷ್ಮ ಗುರುತಿಸಿದ್ದರು. ಗಂಡಸರು ನಾಯಕರಾದ ಕಥೆಗಳು ಮದುವೆಯಲ್ಲಿ ಮುಗಿಯುತ್ತವೆ, ಹೆಂಗಸರದ್ದು ಮದುವೆಯಾದ ಮೇಲೆ ಶುರುವಾಗುತ್ತವೆ. ಹೂವಿನ ಮರವಾಗಬಲ್ಲ ಹುಡುಗಿಯ ಕಥೆಯನ್ನೇ ತಗೋ. ಒಂದು ಬಿಂದಿಗೆ ನೀರು ಹಾಕಿ ಅವಳನ್ನು ಮರ ಮಾಡುವುದು, ಇನ್ನೊಂದು ಬಿಂದಿಗೆ ಹಾಕಿ ಮತ್ತೆ ಹೆಣ್ಣು ಮಾಡುವುದು. ತವರಲ್ಲಿ ಅಕ್ಕ ಜೋಪಾನವಾಗಿ ಹೂ ಬಿಡಿಸುತ್ತಿದ್ದಳು. ಗಂಡನ ಮನೆಯಲ್ಲಿ ನಾದಿನಿಯ ಗುಂಪು ರೆಂಬೆ ಮುರಿದು ಹಾಕುತ್ತದೆ. ಇದು ಮಾಂತ್ರಿಕ ಕಥೆ ಅಂತ ಪರೀಕ್ಷೆಯಲ್ಲಿ ಬರೆದರೆ ಅಂಕ ಬರುತ್ತದೆ. ಆದರೆ ಮಾಂತ್ರಿಕವಾದದ್ದು ಅದರಲ್ಲಿ ಎರಡೇ ಬಿಂದಿಗೆಯಷ್ಟು, ಉಳಿದದ್ದು ನಮ್ಮ ನಿಮ್ಮ ಮನೆ.

ಇಲ್ಲಿ ಎಚ್ಚರಿಕೆಯೂ ಒಂದುಂಟು. ಕಾಲೇಜಿನಲ್ಲಿ ನಿಮಗೆ ಈಗ ಮನೋವಿಶ್ಲೇಷಣೆ ಹೇಳಿಕೊಡುತ್ತಾರೆ. ಅದು ಕೈಗೆ ಬಂದ ಕೂಡಲೇ ನಾಗ ಅಂದರೆ ಅದುಮಿಟ್ಟ ಬಯಕೆ, ದೆವ್ವ ಅಂದರೆ ಹಿಸ್ಟೀರಿಯಾ ಅಂತ ಚೀಟಿ ಅಂಟಿಸುವ ಚಪಲ ಹತ್ತುತ್ತದೆ. ಪುಸ್ತಕಗಳಿಗೆ ಚೀಟಿ ಅಂಟಿಸಿಯೇ ಸಂಬಳ ಎಣಿಸಿದವಳು ಹೇಳುತ್ತಿದ್ದೇನೆ, ಚೀಟಿ ಬೆನ್ನಿಗಷ್ಟೇ ಇರಲಿ. ನಾಟಕದಲ್ಲಿ ನಾಗ ನಾಗನೇ. ಅವನಿಗೂ ನೋವಿದೆ, ಕೊನೆಗೆ ಅವಳ ತಲೆಗೂದಲಿನಲ್ಲಿ ಸಿಕ್ಕಿಕೊಂಡು ಸಾಯುತ್ತಾನೆ. ಇನ್ನೊಂದು ಕೊನೆಯಲ್ಲಿ ಆ ಕೂದಲಲ್ಲೇ ಬದುಕುತ್ತಾನೆ. ಬರೀ ಸಂಕೇತವಾದರೆ ಅವನ ಸಾವು ನಿನ್ನನ್ನು ಯಾಕೆ ಅಳಿಸಬೇಕು? ಅರ್ಥವಾಗದ್ದನ್ನು ಅರ್ಥವಾಗದ್ದಾಗಿಯೇ ಸ್ವಲ್ಪ ದಿನ ಇಟ್ಟುಕೋ. ಉಪ್ಪಿನಕಾಯಿ ಹಾಕಿದ ದಿನವೇ ಭರಣಿ ತೆಗೆಯುತ್ತೇವೆಯೇ?

ಭೈರಪ್ಪನವರ ‘ನಾಯಿ ನೆರಳು’ ನಿನ್ನ ಪಟ್ಟಿಯಲ್ಲಿಲ್ಲ, ಸೇರಿಸಿಕೋ. 1968ರ ಕಾದಂಬರಿ. ಗಂಡ ಸತ್ತು ಎಷ್ಟೋ ವರ್ಷವಾಗಿ ಮಗುವೂ ಬೆಳೆದು ನಿಂತಿರುವಾಗ, ಒಬ್ಬ ಹರೆಯದ ಹುಡುಗ ತಾನೇ ಹಿಂದಿನ ಜನ್ಮದ ಆ ಗಂಡ ಅನ್ನುತ್ತಾನೆ. ಅತ್ತೆ ಮಾವನಿಗೆ ಸತ್ತ ಮಗ ಸಿಕ್ಕಿದ. ಸೊಸೆಗೆ? ಪುನರ್ಜನ್ಮ ಉಂಟೋ ಇಲ್ಲವೋ ಅಂತ ವಾದ ಮಾಡುವವರು ಬೇಕಾದಷ್ಟಿದ್ದಾರೆ, ನಮ್ಮ ಲೈಬ್ರರಿಯ ಓದುವ ಕೋಣೆಯಲ್ಲೇ ಇಬ್ಬರು ಮೇಷ್ಟ್ರುಗಳು ಇದೇ ವಿಷಯಕ್ಕೆ ಮಾತು ಬಿಟ್ಟಿದ್ದರು. ಗಿರೀಶ ಕಾಸರವಳ್ಳಿ 2006ರಲ್ಲಿ ಇದನ್ನು ಸಿನಿಮಾ ಮಾಡಿದಾಗ ಆ ವಾದವನ್ನು ಪಕ್ಕಕ್ಕೆ ಸರಿಸಿ ಸೊಸೆ ವೆಂಕಟಲಕ್ಷ್ಮಿಯನ್ನು ನಡುವೆ ತಂದು ನಿಲ್ಲಿಸಿದರು. ಕಾದಂಬರಿ ಓದಿ, ಆಮೇಲೆ ಸಿನಿಮಾ ನೋಡು. ಒಂದೇ ಒಗಟನ್ನು ಎರಡು ಕಡೆಯಿಂದ ಹಿಡಿದರೆ ಹೇಗಿರುತ್ತದೆ ಅಂತ ತಿಳಿಯುತ್ತದೆ.

ಘಟ್ಟದ ಕೆಳಗೆ ಹೋದರೆ ಇದೆಲ್ಲ ಪುಸ್ತಕದಲ್ಲೇ ಇರಬೇಕೆಂದಿಲ್ಲ. ತುಳುನಾಡಿನ ಸಿರಿಯ ಕಥೆ ಕೇಳಿದ್ದೀಯಲ್ಲ? ಸೀಮಂತಕ್ಕೆಂದು ತಂದ ಸೀರೆಯನ್ನು ಗಂಡ ಮೊದಲು ಸೂಳೆಗೆ ಉಡಿಸಿ ನೋಡಿದ ಅಂತ ತಿಳಿದು, ಆ ಸೀರೆಯನ್ನೂ ಆಮೇಲೆ ಆ ಗಂಡನನ್ನೂ ಬಿಟ್ಟು ನಡೆದವಳು. ಬೆಳ್ತಂಗಡಿ ಸೀಮೆಯ ಗೋಪಾಲ ನಾಯ್ಕರು ಹಾಡಿದ್ದನ್ನು 1990ರಲ್ಲಿ ಫಿನ್ಲೆಂಡಿನ ಲೌರಿ ಹೋಂಕೋ ತಂಡ ದಾಖಲಿಸಿಕೊಂಡಿತು. 15,683 ಸಾಲು! ಅಕ್ಷರದಲ್ಲಿ ಅಚ್ಚಾಗುವ ಎಷ್ಟೋ ಮೊದಲಿನಿಂದ ಸಿರಿ ಹುಣ್ಣಿಮೆಯ ಜಾತ್ರೆಗಳಲ್ಲಿ ಹೆಂಗಸರ ಮೈಮೇಲೆ ಬರುತ್ತಿದ್ದಾಳೆ. ಕೈಯಲ್ಲಿ ಪಿಂಗಾರ ಹಿಡಿದು ನಡುಗುವ ಅವರನ್ನು ಸಿರಿಯ ಮಗ ‘ಕುಮಾರ’ನಾದವನು ಮಾತಾಡಿಸುತ್ತಾನೆ: ನೀನು ಯಾರು, ಏನು ನಿನ್ನ ದುಃಖ? ಮನೆಯವರು ಸುತ್ತ ನಿಂತು ಕೇಳಬೇಕು. ವರ್ಷದ ಉಳಿದ ದಿನ ಈ ಪ್ರಶ್ನೆಯನ್ನು ಅವಳಿಗೆ ಯಾರು ಕೇಳಿದ್ದರೋ.

ಈಗ ನಿನ್ನ ಎರಡನೇ ಮಾತಿಗೆ ಬರುತ್ತೇನೆ. ಹಾಸ್ಟೆಲಿನಲ್ಲಿ ನಿನ್ನ ಪಕ್ಕದ ಕೋಣೆಯ ಹುಡುಗಿ ರಾತ್ರಿ ಯಾರೋ ಕರೆಯುತ್ತಾರೆ ಅನ್ನುತ್ತಾಳೆ, ಊಟ ಬಿಟ್ಟಿದ್ದಾಳೆ ಅಂದೆಯಲ್ಲ. ಅದನ್ನು ನೀನು ‘ನಾಗಮಂಡಲ’ದ ಜೊತೆಗೆ, ಒಂದೇ ಉಸಿರಿನಲ್ಲಿ ಹೇಳಿದ್ದು ನನಗೆ ಸರಿಬರಲಿಲ್ಲ. ಪುಸ್ತಕದ ಹೆಂಗಸಿಗೆ ಡಾಕ್ಟರನ್ನು ಕರೆಯಬೇಡ, ಜೊತೆಯಲ್ಲಿರುವ ಹುಡುಗಿಗೆ ಕರೆಯದೆ ಇರಬೇಡ. 14416 ಅಂತ ಒಂದು ನಂಬರಿದೆ, ಟೆಲಿ ಮಾನಸ್. ಕನ್ನಡದಲ್ಲೇ ಮಾತಾಡಬಹುದು. ನಾಳೆಯೇ ಅವಳ ಜೊತೆ ಕೂತು ಮಾಡು, ವಾರ್ಡನ್ ಮತ್ತು ಅವಳ ಮನೆಯವರಲ್ಲಿ ಯಾರು ಅರ್ಥಮಾಡಿಕೊಳ್ಳುವವರೋ ಅವರಿಗೆ ತಿಳಿಸು. ನೀವಿರುವ ಮೈಸೂರಿನಲ್ಲೇ ಆಸ್ಪತ್ರೆಗಳಿವೆ, ಬೆಂಗಳೂರಿಗೆ ಹೋದರೆ ನಿಮ್ಹಾನ್ಸ್ ಇದೆ. ಅವಳ ವಿಷಯ ಹಾಸ್ಟೆಲಿನಲ್ಲಿ ಕಥೆಯಾಗದಂತೆ ನೋಡಿಕೋ.

ಇದನ್ನು ನನಗೆ ಕಲಿಸಿದ್ದೂ ಒಂದು ಪುಸ್ತಕವೇ. ತ್ರಿವೇಣಿಯವರ ‘ಶರಪಂಜರ’. ಪುಟ್ಟಣ್ಣನವರ ಸಿನಿಮಾ ಬಂದ 1971ರಲ್ಲಿ ಕಲ್ಪನಾಳನ್ನು ನೋಡಿ ಅತ್ತವರೇ ಎಲ್ಲ, ಕಾದಂಬರಿ ಓದಿದವರು ಕಡಿಮೆ. ಹೆರಿಗೆಯಾದ ಮೇಲೆ ಕಾವೇರಿಯ ಮನಸ್ಸು ಕದಡುತ್ತದೆ. ಆಸ್ಪತ್ರೆಯಲ್ಲಿ ಅವಳಿಗೆ ವಾಸಿಯಾಗುತ್ತದೆ ಕೂಸೇ! ವಾಸಿಯಾಗಿ ಮನೆಗೆ ಬಂದವಳನ್ನು ಮನೆಯವರು, ನೆರೆಯವರು ಹುಚ್ಚಿಯಂತೆಯೇ ನೋಡಿ ನೋಡಿ ಮತ್ತೆ ಅಲ್ಲಿಗೇ ಕಳಿಸುತ್ತಾರೆ. ಮನಃಶಾಸ್ತ್ರ ಓದಿಕೊಂಡಿದ್ದ ತ್ರಿವೇಣಿ ಕಾಯಿಲೆಗಿಂತ ಹೆಚ್ಚು ಪುಟ ಆ ನೋಟಕ್ಕೆ ಕೊಟ್ಟರು. ಬಾಣಂತಿಯ ಸಂಕಟ ಬರೆದ ಅವರೇ 1963ರಲ್ಲಿ ಹೆರಿಗೆಯಾದ ಕೆಲವೇ ದಿನಕ್ಕೆ ತೀರಿಕೊಂಡರು. ಆಗ ಅವರಿಗೆ 35 ತುಂಬಿರಲಿಲ್ಲ.

ಇನ್ನು ಇಷ್ಟು ದಿನ ನಿನಗೆ ಹೇಳದ ಒಂದು ಸಂಗತಿ.

ನಾನಾಗ ಎರಡನೇ ಕ್ಲಾಸು. ಸಾಗರದ ಹತ್ತಿರದ ನಮ್ಮ ಕೂಡುಮನೆಯಲ್ಲಿ ಅಡಿಕೆ ಕೊಯ್ಲಿನ ಕಾಲ. ಅಂಗಳದಲ್ಲಿ ಚಪ್ಪರ, ಚೊಗರಿನ ವಾಸನೆ, ಲಾಟೀನು ಹಚ್ಚಿಕೊಂಡು ಮೆಟ್ಟುಗತ್ತಿಯ ಮುಂದೆ ಕೂತ ಸುಲಿಯುವ ಹೆಂಗಸರು. ದೊಡ್ಡಮ್ಮ ಬೆಳಗಿನ ಜಾವ ಒಲೆಯ ಮುಂದೆ ಕೂತರೆ ಏಳುತ್ತಿದ್ದದ್ದು ರಾತ್ರಿ. ಅವಳ ದನಿ ಹೇಗಿತ್ತೆಂದು ಕೇಳಿದರೆ ನನಗೆ ನೆನಪಾಗುವುದು ಬರೀ ‘ಹೂಂ’. ಆ ರಾತ್ರಿ ಕೊನೆಗೌಡರಿಗೆ ಊಟ ಬಡಿಸುತ್ತಿದ್ದವಳು ಸೌಟು ಬಿಸಾಕಿ, ಜಡೆ ಬಿಚ್ಚಿಕೊಂಡು ಅಂಗಳದ ನಡುವೆ ನಿಂತಳು. ತೋಟದ ಚೌಡಿ ಮೈಮೇಲೆ ಬಂದಿದ್ದಳು. ಯಾರ ಮುಂದೆಯೂ ತಲೆ ಬಾಗಿಸದ ದೊಡ್ಡಪ್ಪ ಹೆಗಲ ಮೇಲಿನ ಶಾಲು ತೆಗೆದು ಸೊಂಟಕ್ಕೆ ಕಟ್ಟಿ ಕೈಮುಗಿದ. ಏನು ತಪ್ಪಾಯ್ತು ತಾಯೀ ಅಂದ. ಚೌಡಿ ಕೋಳಿ ಕೇಳಲಿಲ್ಲ, ಕಾಯಿ ಕೇಳಲಿಲ್ಲ. ‘ಕೂಸಿನ ಶಾಲೆ ಬಿಡಿಸಿದ್ಯಲ, ಈ ಮನೆ ಬಾವಿ ಬತ್ತಿಸ್ತೇನೆ’ ಅಂದಳು.

ಮಾರನೇ ಸೋಮವಾರ ಆ ಕೂಸು ಮತ್ತೆ ಚೀಲ ಹೆಗಲಿಗೇರಿಸಿಕೊಂಡು ಶಾಲೆಗೆ ಹೋದಳು. ಮುಂದೆ ಟೀಚರಾಗಿ ಮೂರು ಊರುಗಳಲ್ಲಿ ಕೆಲಸ ಮಾಡಿದಳು. ನಿನ್ನ ಅಜ್ಜಿ ಅವಳು.

ದೊಡ್ಡಮ್ಮನ ಮೈಮೇಲೆ ಚೌಡಿ ಮತ್ತೆ ಯಾವತ್ತೂ ಬರಲಿಲ್ಲ. ಅವಳ ಕೊನೆಯ ದಿನಗಳಲ್ಲಿ ನಾನು ನೋಡಲು ಹೋಗಿದ್ದೆ. ಜಗಲಿಯಲ್ಲಿ ಕಾಲು ಚಾಚಿ ಕೂತು ಬತ್ತಿ ಹೊಸೆಯುತ್ತಿದ್ದಳು. ಆಗ ನಾನು ಎರಡನೇ ಉತ್ತರದ ಜಾಣೆ. ಮೆಲ್ಲಗೆ ಕೇಳಿಯೇಬಿಟ್ಟೆ: ‘ದೊಡ್ಡಮ್ಮಾ, ಆವತ್ತು ನೀನು ಏನು ಹೇಳ್ತಾ ಇದೀಯ ಅಂತ ನಿಂಗೆ ಗೊತ್ತಿತ್ತಾ?’

ಅವಳು ಹೊಸೆಯುವುದನ್ನು ನಿಲ್ಲಿಸಲಿಲ್ಲ.

‘ಗೊತ್ತಿದ್ದಿದ್ರೆ ಹೇಳ್ಲಿಕ್ಕೆ ಧೈರ್ಯ ಬರ್ತಿತ್ತನೇ?’ ಅಂದಳು. ಆಮೇಲೆ, ಕೊಟ್ಟಿಗೆಯಲ್ಲಿ ಕರು ಕೂಗ್ತಾ ಇದೆ, ನೋಡು ಹೋಗು ಅಂದಳು.